ಒಗರಿಗೊಂದು ಶಬ್ದ

"ಅಪ್ಪಚ್ಚಿ, ಒಗರಿಗೆ ಇಂಗ್ಲಿಷಲ್ಲಿ ಎಂತ ಹೇಳ್ತ?"

ಅಣ್ಣನ ಮಗಳು ಹೀಗೆ ಕೇಳಿದ್ದು ಮಾರ್ಚ್ ತಿಂಗಳ ಒಂದು ಬೆಳಿಗ್ಗೆ. ಶಿರಸಿಯಿಂದ ಯಾಣದ ಕಡೆಗೆ ಹೋಗುವ ದಾರಿಯಲ್ಲಿ, ತೋಟದ ಅಂಚಿನಲ್ಲಿರುವ ನಮ್ಮ ಹಳೇ ಮನೆಯ ಉಪ್ಪರಿಗೆಯನ್ನು ರಿಪೇರಿ ಮಾಡಿಸಿ ಅವಳು ಹೋಮ್‌ಸ್ಟೇ ಶುರು ಮಾಡಿ 2 ವರ್ಷವಾಯಿತು. ಬರುವವರು ಹೆಚ್ಚಾಗಿ ಬೆಂಗಳೂರು, ಪುಣೆಯವರು. ಗೋಕರ್ಣ ನೋಡಿ ಘಟ್ಟ ಹತ್ತುವ ವಿದೇಶಿಯರೂ ಆಗೀಗ ಬರುತ್ತಾರೆ. ಮಧ್ಯಾಹ್ನದ ಬಾಳೆಯ ಪಕ್ಕ ಇಡಲು ಒಂದು ಕಾರ್ಡು ಬೇಕು, ಬಡಿಸಿದ್ದು ಯಾವುದು, ಅದರ ರುಚಿ ಎಂಥದ್ದು ಎಂದು ಒಂದೆರಡು ಸಾಲು ಇಂಗ್ಲಿಷಿನಲ್ಲಿ ಬರೆದುಕೊಡು ಎಂದು ಆ ಕೆಲಸವನ್ನು ನನಗೆ ಒಪ್ಪಿಸಿದ್ದಳು. 31 ವರ್ಷ ಇಂಗ್ಲಿಷ್ ಪಾಠ ಹೇಳಿದವನು ನಾನು. ಖುಷಿಯಿಂದಲೇ ಕೂತೆ.

ಒಂದೆಲಗದ ತಂಬುಳಿ ಸುಲಭವಾಯಿತು. ತಂಪು, ಹುಳಿ ಎರಡೂ ಆ ಹೆಸರಿನಲ್ಲೇ ಕೂತಿವೆ. ಅಪ್ಪೆಹುಳಿಗೆ ಸ್ವಲ್ಪ ಹೊತ್ತು ಹಿಡಿಯಿತು. ಬೇಯಿಸಿ ಕಿವುಚಿದ ಮಾವಿನಮಿಡಿಯ ತೆಳ್ಳನೆ ನೀರು, ಇಂಗಿನ ಒಗ್ಗರಣೆ, ಕೈಯಲ್ಲಿ ಸುರಿದುಕೊಂಡು ಕುಡಿಯಬೇಕು ಎಂದು ಬರೆದೆ. ಅಪ್ಪೆಮಿಡಿಯ ಪರಿಮಳ ಹಣ್ಣಿನದಲ್ಲ, ಸೊನೆಯದು. ಕೆಲವು ಮರದ್ದು ಜೀರಿಗೆಯ ಹಾಗೆ, ಕೆಲವು ಕರ್ಪೂರದ ಹಾಗೆ ಇರುತ್ತದೆ ಎಂದೂ ಸೇರಿಸಿದೆ. ಆಮೇಲೆ ಬಾಳೆಕುಂಡಿಗೆಯ, ಅಂದರೆ ಬಾಳೆಹೂವಿನ ಪಲ್ಯ ಬಂತು. ಅಲ್ಲಿ 'ಆಸ್ಟ್ರಿಂಜೆಂಟ್' ಎಂದು ಬರೆದೆ. ಅವಳು ಓದಿ ಹುಬ್ಬು ಗಂಟಿಕ್ಕಿದಳು.

"ಅದು ಮುಖಕ್ಕೆ ಹಚ್ಚದು ಅಲ್ದಾ?"

ಹೌದು. ಪೇಟೆಯ ಅಂಗಡಿಯಲ್ಲಿ ಆ ಹೆಸರಿನ ಬಾಟಲಿಗಳು ಸಾಲಾಗಿವೆ. ವೈದ್ಯರ ಪುಸ್ತಕದಲ್ಲಿ ಗಾಯದ ರಕ್ತ ನಿಲ್ಲಿಸುವ ಔಷಧಕ್ಕೂ ಅದೇ ಹೆಸರು. ಲ್ಯಾಟಿನಿನ 'ಬಿಗಿ' ಎಂಬ ಅರ್ಥದ ಧಾತುವಿನಿಂದ ಹುಟ್ಟಿದ ಶಬ್ದ ಅದು, ಹಾಗಾಗಿ ತಪ್ಪೇನಲ್ಲ. ಆದರೆ ಊಟದ ಎಲೆಯ ಪಕ್ಕ ಅದನ್ನು ಇಟ್ಟರೆ ತಿನ್ನುವ ಮನಸ್ಸೇ ಹಿಂದೆ ಸರಿಯುತ್ತದೆ. ಅವಳ ಮಾತು ನನ್ನನ್ನು ಮುಂದಿನ 3 ವಾರ ಬಿಡಲಿಲ್ಲ.

ನಮ್ಮ ಕಡೆಯ ಮಕ್ಕಳಿಗೆ ಒಗರು ಮೊದಲು ಗೊತ್ತಾಗುವುದು ಗೇರುಹಣ್ಣಿನಲ್ಲಿ. ಬೆಟ್ಟದಲ್ಲಿ ಬಿದ್ದ ಹಣ್ಣನ್ನು ಹೆಕ್ಕಿ, ಬೀಜ ತಿರುಪಿ ತೆಗೆದು, ಅಂಗಿಗೆ ಒರೆಸಿ ಕಚ್ಚಿದರೆ ರಸ ಮೊಣಕೈವರೆಗೂ ಇಳಿಯುತ್ತದೆ. ಮೊದಲು ಸಿಹಿ. ಅದು ಇನ್ನೂ ಮುಗಿಯುವ ಮೊದಲೇ ನಾಲಿಗೆಯ ಮೇಲೆ ಯಾರೋ ಸುಣ್ಣದ ಗೋಡೆ ಉಜ್ಜಿದಂತೆ ಆಗುತ್ತದೆ. ಕೆನ್ನೆಯ ಒಳಮೈ ಹಲ್ಲಿಗೆ ಅಂಟುತ್ತದೆ. ಗಂಟಲು ಹಿಡಿಯುತ್ತದೆ. ಉಪ್ಪು ಹಚ್ಚಿಕೊಂಡು ತಿಂದರೆ ಹಿಡಿತ ಸ್ವಲ್ಪ ಕಮ್ಮಿ. ಅಂಗಿಯ ಮೇಲೆ ಬಿದ್ದ ರಸ ಕಂದು ಕಲೆಯಾಗಿ ಉಳಿಯುತ್ತದೆ; ಎಷ್ಟು ಒಗೆದರೂ ಹೋಗದ ಆ ಕಲೆಗೆ ಆಯಿಯ ಕೈಯಲ್ಲಿ ಬೈಸಿಕೊಳ್ಳದ ಮಗು ನಮ್ಮೂರಲ್ಲಿ ಇರಲಿಲ್ಲ. ನಾಲಿಗೆಯನ್ನು ಹಿಡಿಯುವುದೂ ಬಟ್ಟೆಗೆ ಕಲೆ ಹಾಕುವುದೂ ಒಂದೇ ಟ್ಯಾನಿನ್ ಜಾತಿಯ ವಸ್ತು ಎಂದು ತಿಳಿದದ್ದು ಎಷ್ಟೋ ವರ್ಷದ ಮೇಲೆ. ಎಂಜಲಿನಲ್ಲಿರುವ ಪ್ರೋಟೀನುಗಳಿಗೆ ಟ್ಯಾನಿನ್ ಅಂಟಿಕೊಂಡು ಅವನ್ನು ಮುದ್ದೆಗಟ್ಟಿಸುತ್ತದೆ. ಬಾಯಿಗೆ ನುಣುಪು ಕೊಡುವ ಪಸೆಯೇ ಹೋದ ಮೇಲೆ ನಾಲಿಗೆ ಕೆನ್ನೆಗೆ ಒರಟಾಗಿ ತಾಗುತ್ತದೆ. ಅದಕ್ಕೇ ವಿಜ್ಞಾನಿಗಳು ಒಗರನ್ನು ರುಚಿಯ ಲೆಕ್ಕಕ್ಕೆ ಹಿಡಿಯದೆ ಹೆಚ್ಚಾಗಿ ಸ್ಪರ್ಶದ ಲೆಕ್ಕಕ್ಕೆ ಹಾಕುತ್ತಾರೆ.

ಅಡಿಕೆ ಬೇಯಿಸಿದ ಹಂಡೆಯಲ್ಲಿ ಉಳಿಯುವ ಕೆಂಪು ನೀರಿಗೆ ನಮ್ಮಲ್ಲಿ ಚೊಗರು ಎನ್ನುತ್ತಾರೆ. ಕೆಂಪಡಿಕೆಗೆ ಆ ಬಣ್ಣ ಬರುವುದು ಅದರಿಂದ. ಬಟ್ಟೆಗೂ ಅದರಲ್ಲಿ ಬಣ್ಣ ಹಾಕುತ್ತಾರೆ. ಒಗರು, ಚೊಗರು. ಒಂದು ಬಾಯಲ್ಲಿ, ಒಂದು ಹಂಡೆಯಲ್ಲಿ. ಕಿವಿಗೆ ಅಣ್ಣತಮ್ಮಂದಿರ ಹಾಗೆ ಕೇಳುವ ಈ ಎರಡು ಶಬ್ದಗಳ ನಡುವೆ ಬೆಳೆದವನಿಗೆ ಇದು ರುಚಿಯೋ ಸ್ಪರ್ಶವೋ ಎಂಬ ಸಂಶಯವೇ ಬಂದಿರಲಿಲ್ಲ. ಆಯುರ್ವೇದದ 6 ರಸಗಳಲ್ಲಿ ಕಷಾಯ ಎಂದು ಇದಕ್ಕೆ ಗಟ್ಟಿ ಜಾಗ ಇದೆ. ಶಾಲೆಯಲ್ಲಿ ಮಾತ್ರ ಬೇರೆಯೇ ಪಾಠ. ತುದಿಯಲ್ಲಿ ಸಿಹಿ, ಹಿಂದೆ ಕಹಿ, ಬದಿಗಳಲ್ಲಿ ಹುಳಿ ಮತ್ತು ಉಪ್ಪು ಎಂದು ನಾಲಿಗೆಯ ಚಿತ್ರ ಬಿಡಿಸಿ ಬಣ್ಣ ತುಂಬುತ್ತಿದ್ದೆವು. ಆ ಚಿತ್ರಕ್ಕೆ ಮೂಲ 1901ರಲ್ಲಿ ಜರ್ಮನಿಯ ಹ್ಯಾನಿಗ್ ಬರೆದ ಪ್ರಬಂಧ. ನಾಲಿಗೆಯ ಅಂಚಿನಲ್ಲಿ ಒಂದೊಂದು ಕಡೆ ಸೂಕ್ಷ್ಮತೆ ಸ್ವಲ್ಪ ಹೆಚ್ಚು ಕಮ್ಮಿ ಎಂದಷ್ಟೇ ಅವನು ಕಂಡದ್ದು. 1942ರಲ್ಲಿ ಅಮೆರಿಕದ ಮನೋವಿಜ್ಞಾನಿ ಬೋರಿಂಗ್ ಅದನ್ನು ತನ್ನ ಪುಸ್ತಕಕ್ಕೆ ತೆಗೆದುಕೊಂಡ ಮೇಲೆ ಆ ಸಣ್ಣ ವ್ಯತ್ಯಾಸ ಗಡಿರೇಖೆಯ ಹಾಗೆ ಹರಡಿತು. ನಾಲಿಗೆಯ ಎಲ್ಲ ಕಡೆಯೂ ಎಲ್ಲ ರುಚಿಯೂ ತಿಳಿಯುತ್ತದೆ ಎಂದು ಈಗ ಎಲ್ಲರಿಗೂ ಗೊತ್ತು. ನನಗೆ ಇವತ್ತಿಗೂ ಬೇಸರವಾಗುವುದು ಬೇರೆ ಕಾರಣಕ್ಕೆ. ಆ ನಕ್ಷೆಯಲ್ಲಿ ಖಾರ ಇರಲಿಲ್ಲ, ಒಗರು ಇರಲಿಲ್ಲ. ಮಧ್ಯಾಹ್ನ ಮನೆಗೆ ಬಂದು ಉಣ್ಣುವ ಊಟದ ಅರ್ಧ ಭಾಗಕ್ಕೆ ಪುಸ್ತಕದಲ್ಲಿ ಜಾಗವಿಲ್ಲ ಎಂಬುದು 10 ವರ್ಷದ ಹುಡುಗನಿಗೆ ತಿಳಿದದ್ದೇ ಇಲ್ಲ. ಪುಸ್ತಕವೇ ಸರಿ ಎಂದುಕೊಂಡೆ.

ಅದಿರಲಿ. ಆ ರಾತ್ರಿ ನನ್ನ ದಪ್ಪ ಡಿಕ್ಷನರಿಗಳನ್ನು ಹರವಿಕೊಂಡೆ. ಇಂಗ್ಲಿಷಿನವರೂ ಕಸುಗಾಯಿ ಕಚ್ಚಿದವರೇ. ಅವರಲ್ಲೊಂದು ಶಬ್ದ ಇರಲೇಬೇಕು ಎಂದು ನನ್ನ ಹಟ.

ಇತ್ತು. ಒಂದಲ್ಲ, ಮೂರು. ಮೊದಲನೆಯದು 'ಅಸರ್ಬ್'. ಹುಳಿಯ ಜೊತೆಗೆ ಒರಟು ಸೇರಿದ, ಹಣ್ಣಾಗುವ ಮೊದಲಿನ ಕಾಯಿಯ ರುಚಿ. ನಮ್ಮ ಕಸುಗಾಯಿಯೇ. ಎರಡನೆಯದು 'ಆಸ್ಟಿಯರ್'. ಇದನ್ನು ಕಂಡು ಕುರ್ಚಿಯಲ್ಲಿ ಸರಿಯಾಗಿ ಕೂತೆ. ಸರಳ ಜೀವನ, ಕಟ್ಟುನಿಟ್ಟಿನ ಮನುಷ್ಯ ಎಂಬ ಅರ್ಥದಲ್ಲಿ 31 ವರ್ಷ ನಾನು ಕಲಿಸಿದ ಶಬ್ದ ಅದು. ಅದರ ಗ್ರೀಕ್ ಮೂಲಕ್ಕೆ ನಾಲಿಗೆಯನ್ನು ಒಣಗಿಸಿ ಒರಟು ಮಾಡುವಂಥದ್ದು ಎಂಬ ಅರ್ಥವಿದೆ! ಹಳೆಯ ಇಂಗ್ಲಿಷಿನಲ್ಲಿ ವೈನು ಆಸ್ಟಿಯರ್, ಹಣ್ಣು ಆಸ್ಟಿಯರ್ ಎಂದು ಬರೆಯುತ್ತಿದ್ದರು. ಮೂರನೆಯದು 'ಚೋಕ್‌ಪೇರ್', ಗಂಟಲು ಹಿಡಿಯುವ ಒಂದು ಒರಟು ಪೇರ್ ಹಣ್ಣಿನ ಹೆಸರು. ಆಮೇಲಾಮೇಲೆ ಬಾಯಿ ಕಟ್ಟಿಸುವ ನಿಂದೆಗೂ ಅದೇ ಹೆಸರಾಯಿತು.

ಮೂರೂ ಬಾಯಿ ಬಿಟ್ಟು ಹೊರಗೆ ಹೋಗಿವೆ ನೋಡಿ. ಅಸರ್ಬಿಕ್ ಎಂದರೆ ಈಗ ಚುಚ್ಚುವ ಮಾತು. ಆಸ್ಟಿಯರ್ ಎಂದರೆ ಸ್ವಭಾವ. ಕಾಯಿ ಕಚ್ಚಿ ಯಾರೂ ಆ ಶಬ್ದ ಹೇಳುವುದಿಲ್ಲ. ಹುಡುಕುತ್ತಾ ಹೋದಂತೆ ಇಂಥವು ಎಷ್ಟೊಂದು ಸಿಕ್ಕವು! 'ಪಾಯ್ನೆಂಟ್' ಎಂದರೆ ಇವತ್ತು ಮನಸ್ಸಿಗೆ ನಾಟುವ ದುಃಖ. 14ನೇ ಶತಮಾನದ ಕವಿ ಚಾಸರನಿಗೆ ಅದು ಸಾಸಿನ ಗುಣ. ಸಾಸು ಪಾಯ್ನೆಂಟ್ ಆಗಿರದಿದ್ದರೆ ಅಡಿಗೆಯವನ ಪಾಡು ಕೆಟ್ಟಿತೆಂದೇ ಲೆಕ್ಕ ಎಂದು ಊಟಪ್ರಿಯ ಜಮೀನ್ದಾರನೊಬ್ಬನ ಬಗ್ಗೆ ಹೇಳುತ್ತಾನೆ. 'ವ್ಯಾಪಿಡ್' ಎಂದರೆ ಹುರುಪಿಲ್ಲದ ಮಾತು. ಮೊದಲು ಅದು ಕಸುವು ಹಾರಿಹೋದ ಮದ್ಯ. 'ಡಿಸ್ಗಸ್ಟ್' ಎಂಬ ಅಸಹ್ಯದ ಶಬ್ದದ ಹೊಟ್ಟೆಯಲ್ಲಿರುವುದು ರುಚಿ ಎಂಬ ಲ್ಯಾಟಿನ್ ಶಬ್ದ. 'ಜೆಸ್ಟ್' ಮಾತ್ರ ಎರಡೂ ಕಡೆ ಕಾಲಿಟ್ಟುಕೊಂಡಿದೆ. ಮೊದಲು ಅದು ಕಿತ್ತಳೆ, ನಿಂಬೆಯ ಸಿಪ್ಪೆಯ ತುಣುಕು, ಆಮೇಲೆ ಉತ್ಸಾಹ; ಅಡುಗೆಮನೆಯಲ್ಲಿ ಈಗಲೂ ಸಿಪ್ಪೆಯೇ.

ಇದರಲ್ಲಿ ನನಗೆ ಅತ್ಯಂತ ಇಷ್ಟವಾದದ್ದು 'ಸ್ಯಾಪಿಡ್'. ರುಚಿಯುಳ್ಳದ್ದು ಎಂದರ್ಥ. ಅದರ ವಿರುದ್ಧ ಇನ್ಸಿಪಿಡ್ ಎಲ್ಲರ ಬಾಯಲ್ಲೂ ಇದೆ, ಸ್ಯಾಪಿಡ್ ಯಾರ ಬಾಯಲ್ಲೂ ಇಲ್ಲ. ಲ್ಯಾಟಿನಿನ ಸಪೆರೆ ಎಂಬ ಕ್ರಿಯಾಪದಕ್ಕೆ ರುಚಿ ನೋಡು ಎಂಬ ಅರ್ಥವೂ ವಿವೇಕದಿಂದಿರು ಎಂಬ ಅರ್ಥವೂ ಇದೆ. 1758ರಲ್ಲಿ ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಲಿನೇಯಸ್ ನಮ್ಮ ಕುಲಕ್ಕೆ ಹೋಮೋ ಸೇಪಿಯನ್ಸ್ ಎಂದು ಹೆಸರಿಟ್ಟದ್ದು ಅದೇ ಧಾತುವಿನಿಂದ. ವಿವೇಕಿ ಎಂಬ ಹೆಸರಿನ ಬುಡದಲ್ಲಿ ರುಚಿ ಬಲ್ಲವನು ಕೂತಿದ್ದಾನೆ. ಸಂಸ್ಕೃತದ ರುಚಿಯ ಬೇರು ಇನ್ನೊಂದೇ ಕಡೆ ಹೋಗುತ್ತದೆ: ರುಚ್ ಎಂದರೆ ಹೊಳೆ, ಪ್ರಕಾಶಿಸು. ಅಲ್ಲಿ ನಾಲಿಗೆಗೂ ವಿವೇಕಕ್ಕೂ ಗಂಟು, ಇಲ್ಲಿ ನಾಲಿಗೆಗೂ ಬೆಳಕಿಗೂ. ಎರಡನ್ನೂ ಮನಸ್ಸಿನಲ್ಲಿ ಪಕ್ಕಪಕ್ಕ ಇಟ್ಟುಕೊಂಡು ಆ ರಾತ್ರಿ ತುಂಬ ಹೊತ್ತು ಎಚ್ಚರವಿದ್ದೆ.

ರುಚಿಯ ಶಬ್ದಗಳು ಬಾಯಿ ಬಿಟ್ಟು ಊರು ಸುತ್ತುವುದು ಕನ್ನಡದಲ್ಲೂ ಉಂಟು. ಸಂಸಾರಕ್ಕೆ ಹುಳಿ ಹಿಂಡುತ್ತಾರೆ. ಮುಖ ಸಪ್ಪಗಾಗುತ್ತದೆ. ಮಾತು ಖಾರವಾಗುತ್ತದೆ, ನೆನಪು ಕಹಿಯಾಗುತ್ತದೆ, ಸುದ್ದಿ ಸಿಹಿಯಾಗುತ್ತದೆ. ಉಪ್ಪಿಟ್ಟವರನ್ನು ಮುಪ್ಪಿನ ತನಕ ನೆನೆಯುತ್ತೇವೆ. ಆದರೆ ಇವೆಲ್ಲ ಹಗಲು ಊರು ತಿರುಗಿ ರಾತ್ರಿ ಅಡುಗೆಮನೆಗೇ ಬಂದು ಮಲಗುತ್ತವೆ. ಖಾರ ಎಂದ ಕೂಡಲೇ ಇವತ್ತಿಗೂ ಮೊದಲು ನೆನಪಾಗುವುದು ಮೆಣಸೇ, ಮಾತಲ್ಲ. 1930ರ ಏಪ್ರಿಲಿನಲ್ಲಿ ಅಂಕೋಲೆಯ ಕಡಲತೀರದಲ್ಲಿ ಕಾನೂನು ಮುರಿದು ಉಪ್ಪು ತೆಗೆದವರಿಗೆ ಋಣವೂ ಉಪ್ಪೇ, ಮಡಕೆಯಲ್ಲಿ ಕೂತದ್ದೂ ಉಪ್ಪೇ. ಶಬ್ದವೂ ವಸ್ತುವೂ ಒಂದನ್ನೊಂದು ಬಿಟ್ಟಿರಲಿಲ್ಲ.

ಒಗರು ಮಾತ್ರ ಮನೆ ಬಿಟ್ಟು ಹೊರಟದ್ದನ್ನು ನಾನು ಕಂಡಿಲ್ಲ. ಒಗರು ಮಾತು, ಒಗರು ಮನುಷ್ಯ, ಒಗರು ನೆನಪು ಎಂದು ನಮ್ಮ ಕಡೆ ಯಾರೂ ಹೇಳಿದ್ದು ನನ್ನ ಕಿವಿಗೆ ಬಿದ್ದಿಲ್ಲ. ಅದು ಇದ್ದಲ್ಲೇ ಇದೆ. ಗೇರುಹಣ್ಣಿನಲ್ಲಿ, ನೇರಳೆಯಲ್ಲಿ, ಬಾಳೆಕುಂಡಿಗೆಯಲ್ಲಿ, ಹಸಿ ಅಡಿಕೆಯಲ್ಲಿ. ಅದಕ್ಕೇ ಇರಬೇಕು, ಹೇಳಿದ ತಕ್ಷಣ ಬಾಯಿಗೇ ತಾಗುತ್ತದೆ.

ಇನ್ನೊಂದು ಸಂಗತಿ ಗಮನಕ್ಕೆ ಬಂದದ್ದು ಅಡುಗೆಮನೆಯಲ್ಲೇ. ಅತ್ತಿಗೆ ಅಪ್ಪೆಹುಳಿ ಕಲಸಿ ಅಂಗೈಗೆ ಎರಡು ಹನಿ ಹಾಕಿಕೊಂಡು ನೆಕ್ಕಿದಳು. "ಚಪ್ಪೆ ಆಯ್ದು" ಅಂದಳು. ಆ ಮಾತು ಮುಗಿಯುವಷ್ಟರಲ್ಲಿ ಅವಳ ಇನ್ನೊಂದು ಕೈ ಉಪ್ಪಿನ ಮರಿಗೆಯಲ್ಲಿತ್ತು. ಬಯಲುಸೀಮೆಯ ಸಪ್ಪೆ ನಮ್ಮಲ್ಲಿ ಚಪ್ಪೆ. ಇಂಗ್ಲಿಷಿನ ಇನ್ಸಿಪಿಡ್ ಒಂದು ತೀರ್ಪು. ಅಡುಗೆಯನ್ನು ಬಿಟ್ಟು ಎದ್ದವನು ಹೇಳುವ ಮಾತು. ಸಪ್ಪೆಗೆ ಅವರು ಹೇಳುವ ಇನ್ನೊಂದು ಶಬ್ದ ಬ್ಲ್ಯಾಂಡ್; ಅದರ ಲ್ಯಾಟಿನ್ ಮೂಲದ ಅರ್ಥವೇ ನುಣುಪು, ಮುದ್ದು ಮಾತು. ರುಚಿಗೂ ಅದಕ್ಕೂ ಮೊದಲಿಗೆ ಸಂಬಂಧವೇ ಇರಲಿಲ್ಲ. ನಮ್ಮ ಚಪ್ಪೆ ಕೆಲಸದ ಶಬ್ದ. ಏನು ಹಾಕಬೇಕು ಎಂಬುದು ಅದರಲ್ಲೇ ಇದೆ. ಹಾಗೇ ಸೀದದ್ದು, ಹಳಸಿದ್ದು, ಕಮಟಾದದ್ದು, ಕನರು. ಒಂದೊಂದು ಶಬ್ದಕ್ಕೂ ಮುಂದೆ ಮಾಡಬೇಕಾದ್ದು ಬೇರೆ. ಸೀದರೆ ತಳ ಕೆದಕದೆ ಮೇಲಿನದ್ದನ್ನು ಬೇರೆ ಪಾತ್ರೆಗೆ ಬಗ್ಗಿಸಬೇಕು. ಕಮಟಾದರೆ ಕೊಬ್ಬರಿಯೋ ಎಣ್ಣೆಯೋ ಹಳತಾಗಿದೆ, ಡಬ್ಬಿ ನೋಡಬೇಕು. ಕನರಿದ್ದರೆ ಇನ್ನೂ ಬೇಯಬೇಕು.

ಇಂಗ್ಲಿಷ್ ಡಿಕ್ಷನರಿಯ ವಿಚಿತ್ರ ಆಹಾರ ಶಬ್ದಗಳಲ್ಲಿ ಬಹಳಷ್ಟು ಒಲೆಯ ಹೊಗೆಯನ್ನೇ ಕಂಡವಲ್ಲ. 'ಇಸ್ಯೂರಿಯೆಂಟ್', ಹಸಿದವನು. 'ಜೆಂಟ್ಯಾಕ್ಯುಲರ್', ಬೆಳಗಿನ ತಿಂಡಿಗೆ ಸಂಬಂಧಿಸಿದ್ದು. 'ಆ್ಯಬ್ಲಿಗ್ಯುರಿಷನ್', ತಿನ್ನುವುದಕ್ಕೇ ಆಸ್ತಿ ಕಳೆಯುವುದು. ವಿದ್ವಾಂಸರು ಲ್ಯಾಟಿನಿನಿಂದ ಎತ್ತಿ ತಂದ ಇಂಥ ಶಬ್ದಗಳಿಗೆ 16ನೇ ಶತಮಾನದ ಇಂಗ್ಲಿಷರೇ 'ಮಸಿಕುಡಿಕೆಯ ಶಬ್ದ' ಎನ್ನುತ್ತಿದ್ದರು. ಹಸಿದವನು ಹಸಿವು ಎನ್ನುತ್ತಾನೆ, ಅಷ್ಟೇ. ಇವುಗಳ ನಡುವೆ ಎರಡನ್ನು ನಾನು ಪ್ರೀತಿಯಿಂದ ಎತ್ತಿಟ್ಟುಕೊಂಡೆ. ಒಂದು 'ಓರ್ಟ್ಸ್', ಊಟವಾದ ಮೇಲೆ ಉಳಿದ ಚೂರುಪಾರು. ಇದು ಮಸಿಕುಡಿಕೆಯದಲ್ಲ, ಹಳೆಯ ಹಳ್ಳಿಮನೆಯ ಶಬ್ದ, ದನದ ಮುಂದೆ ಉಳಿದ ಮೇವಿಗೂ ಆಗುತ್ತಿತ್ತು. ಇನ್ನೊಂದು 'ಡೈಪ್ನೊಸೊಫಿಸ್ಟ್', ಊಟದ ಪಂಕ್ತಿಯಲ್ಲಿ ಮಾತಿನಿಂದ ರುಚಿ ಏರಿಸಬಲ್ಲವನು. ಸುಮಾರು 1800 ವರ್ಷಗಳ ಹಿಂದೆ ಅಥೆನೇಯಸ್ ಎಂಬವನು ಗ್ರೀಕಿನಲ್ಲಿ ಬರೆದ ದೊಡ್ಡ ಗ್ರಂಥದಿಂದ ಬಂದದ್ದು. ನಮ್ಮ ದೊಡ್ಡಪ್ಪ ಇದ್ದಷ್ಟು ಕಾಲ ಮದುವೆಮನೆಯಲ್ಲಿ ಅವನ ಪಕ್ಕದ ಮಣೆಗೆ ಪೈಪೋಟಿ. ಹೋಳಿಗೆ ಬಡಿಸುವ ಹೊತ್ತಿಗೆ ಒಂದು ಶ್ಲೋಕ, ಪಾಯಸಕ್ಕೆ ಒಂದು. ಬಡಿಸುವವರೂ ಸೌಟು ಹಿಡಿದು ನಿಂತು ಕೇಳುತ್ತಿದ್ದರು. ಅವನಿಗೆ ಈ ಹೆಸರು ಹೇಳಬೇಕಿತ್ತು ಅನ್ನಿಸಿತು.

ಕಾರ್ಡಿನ ಇನ್ನೊಂದು ಗೊಂದಲ ಖಾರದ್ದು. ಅತಿಥಿಗಳು ಪಾತ್ರೆ ನೋಡಿ 'ಹಾಟ್?' ಎಂದು ಕೇಳಿದರೆ ಬಡಿಸುವ ಹುಡುಗ ಮುಟ್ಟಿ ನೋಡಿ ಬಿಸಿ ಇದೆ ಎನ್ನುತ್ತಾನೆ. ಅವರು ಕೇಳಿದ್ದು ಖಾರ. ಬಿಸಿಗೂ ಖಾರಕ್ಕೂ ಒಂದೇ ಶಬ್ದ ಇಟ್ಟುಕೊಂಡದ್ದು ಇಂಗ್ಲಿಷಿನ ಬಡತನ ಎಂದು ನಾನು ತರಗತಿಯಲ್ಲಿ ಹೇಳುತ್ತಿದ್ದೆ. ಅದು ತಪ್ಪು. 1997ರಲ್ಲಿ ಅಮೆರಿಕದ ವಿಜ್ಞಾನಿ ಡೇವಿಡ್ ಜೂಲಿಯಸ್ ಮತ್ತು ಅವರ ಸಂಗಡಿಗರು ಮೆಣಸಿನಕಾಯಿಯ ಕ್ಯಾಪ್ಸೈಸಿನ್ ದೇಹದಲ್ಲಿ ಯಾವ ಬಾಗಿಲು ತಟ್ಟುತ್ತದೆ ಎಂದು ಕಂಡುಹಿಡಿದರು. ಟಿಆರ್‌ಪಿವಿ1 ಎಂಬ ಆ ಬಾಗಿಲು ಸುಮಾರು 43 ಡಿಗ್ರಿ ಸೆಲ್ಸಿಯಸ್ ಬಿಸಿಗೆ ತೆರೆಯುವಂಥದ್ದು. ಮೆಣಸು ತಿಂದಾಗಲೂ ಅದೇ ತೆರೆಯುತ್ತದೆ. ಬಾಯಿ ಸುಟ್ಟಿತು ಎಂದೇ ಮಿದುಳಿಗೆ ಸುದ್ದಿ ಮುಟ್ಟುತ್ತದೆ. 2021ರಲ್ಲಿ ಜೂಲಿಯಸ್ ಅವರಿಗೆ ನೊಬೆಲ್ ಬಂತು. ಹಾಟ್ ಎಂದ ಇಂಗ್ಲಿಷ್ ನಾಲಿಗೆ ಸತ್ಯವನ್ನೇ ಹೇಳುತ್ತಿತ್ತು. ನಮ್ಮ ಖಾರವೂ ಸಂಸ್ಕೃತದ ಕ್ಷಾರದಿಂದ ಬಂದದ್ದು, ಬೂದಿಯ ಸುಡುವ ಗುಣ. ಎರಡು ಭಾಷೆಗಳೂ ಸುಟ್ಟ ನಾಲಿಗೆಯಿಂದಲೇ ಹೆಸರು ಹುಡುಕಿದವು.

ಇದಕ್ಕಿಂತ ಸೊಗಸು ಜುಮ್ಮನಕಾಯಿಯದು. ಕಾರವಾರದ ಗೆಳೆಯರ ಮನೆಯಲ್ಲಿ ಬಂಗಡೆ ಸಾರಿಗೆ ಇದು ಬೀಳದಿದ್ದರೆ ಸಾರೇ ಅಲ್ಲ. ಕೊಂಕಣಿಯಲ್ಲಿ ತೆಫ್ಲ ಎನ್ನುತ್ತಾರೆ. ಒಣಗಿದ ಸಣ್ಣ ಕಾಯಿ, ಬಾಯಿ ಬಿಟ್ಟು ಕೂತಿರುತ್ತದೆ, ಒಳಗಿನ ಕರಿ ಬೀಜ ಬೇಡ, ಸಿಪ್ಪೆ ಸಾಕು. ಒಂದನ್ನು ಹಲ್ಲಿನ ನಡುವೆ ಇಟ್ಟು ನೋಡಿ. ಮೊದಲು ಕಿತ್ತಳೆ ಸಿಪ್ಪೆಯ ವಾಸನೆ. ಹತ್ತು ಎಣಿಸುವಷ್ಟರಲ್ಲಿ ತುಟಿ, ನಾಲಿಗೆಯ ತುದಿ ಜುಮ್ ಎನ್ನುತ್ತವೆ. ಚೀನಾದ ಸಿಚುವಾನ್ ಮೆಣಸು ಇದರ ದಾಯಾದಿ, ಒಂದೇ ಕುಲದ ಗಿಡ. 2013ರಲ್ಲಿ ಲಂಡನ್ನಿನ ಸಂಶೋಧಕರು ಸಿಚುವಾನ್ ಮೆಣಸನ್ನು ಜನರ ತುಟಿಗೆ ಹಚ್ಚಿ, ಆ ಜುಮ್ಮನ್ನು ಬೆರಳಿಗೆ ಕೊಟ್ಟ ಯಂತ್ರದ ಕಂಪನದ ಜೊತೆ ಹೋಲಿಸಿ ನೋಡಿದರು. ಸೆಕೆಂಡಿಗೆ ಸುಮಾರು 50 ಸಲ ಕಂಪಿಸಿದ ಹಾಗೆ ತುಟಿಗೆ ಅನ್ನಿಸುತ್ತದಂತೆ. ಕಾಯಿಗೆ ಜುಮ್ಮನಕಾಯಿ ಎಂದು ಹೆಸರಿಟ್ಟ ನಮ್ಮ ಹಿರಿಯರು ರುಚಿಯನ್ನು ವರ್ಣಿಸಲು ಹೋಗಲಿಲ್ಲ. ತುಟಿಯಲ್ಲಿ ಆದ ಸದ್ದನ್ನೇ ಹೆಸರು ಮಾಡಿದರು. ಅದಕ್ಕೆ ಇಂಗ್ಲಿಷಿನಲ್ಲಿ ಬೇರೆ ಶಬ್ದ ಹುಡುಕುವ ಕೆಲಸವನ್ನು ನಾನು ಬಿಟ್ಟೆ; ಕಾರ್ಡಿನಲ್ಲಿ 'ಜುಮ್' ಎಂದೇ ಇದೆ.

ಹೀಗೆ ನಮ್ಮ ಶಬ್ದವನ್ನೇ ದಾಟಿಸುವುದು ಈ ಕರಾವಳಿಗೆ ಹೊಸದಲ್ಲ. ಇಂಗ್ಲಿಷಿನ ಅರೆಕಾ ನಮ್ಮ ಅಡಿಕೆ, ಮಲಯಾಳದ ಅಡಕ್ಕ. ಬೀಟಲ್ ವೆತ್ತಿಲ. ಕೊಪ್ರಾ ಕೊಬ್ಬರಿ. ಜಾಕ್ ಎಂಬುದು ಚಕ್ಕ, ಮ್ಯಾಂಗೋ ಮಾಂಗ, ಜ್ಯಾಗರಿ ಶರ್ಕರೆ. ಎಲ್ಲವೂ ಪೋರ್ಚುಗೀಸರ ಬಾಯಿ ಹಾಯ್ದು ಹೋದವು. ಗೇರುಸೊಪ್ಪೆಯ ಚೆನ್ನಭೈರಾದೇವಿಯನ್ನು ಅವರು 'ಕರಿಮೆಣಸಿನ ರಾಣಿ' ಎಂದು ಕರೆದರು. 1552ರಿಂದ 1606ರ ತನಕ ಆಳಿದವಳು. 1638ರಲ್ಲಿ ಇಂಗ್ಲಿಷರು ಕಾರವಾರದಲ್ಲಿ ಕೋಠಿ ತೆರೆದದ್ದಕ್ಕೂ ಮೆಣಸಿನ ಆಸೆ ಒಂದು ಕಾರಣ. ಆದರೆ ಲೆಕ್ಕ ಹಾಕಿ ನೋಡಿ, ಹಡಗು ಹತ್ತಿದ್ದೆಲ್ಲ ಸರಕಿನ ಹೆಸರು. ರುಚಿಯ ಹೆಸರು ಒಂದೂ ಹತ್ತಲಿಲ್ಲ. ಅಡಿಕೆ ಹೋಯಿತು, ಒಗರು ದಡದಲ್ಲೇ ಉಳಿಯಿತು. ರುಚಿಯ ಹೆಸರನ್ನೇ ಜಗತ್ತಿಗೆ ಒಪ್ಪಿಸಿದವರೆಂದರೆ ಜಪಾನಿನವರು. 1908ರಲ್ಲಿ ಟೋಕಿಯೋದ ರಸಾಯನಶಾಸ್ತ್ರಜ್ಞ ಕಿಕುನೆ ಇಕೆಡಾ, ಕೊಂಬು ಎಂಬ ಕಡಲಪಾಚಿಯ ಸಾರಿನಲ್ಲಿ ಸಿಹಿ, ಹುಳಿ, ಉಪ್ಪು, ಕಹಿ ಯಾವುದಕ್ಕೂ ಸೇರದ ಒಂದು ರುಚಿ ಇದೆ ಎಂದು ಹಿಡಿದು, ಅದು ಗ್ಲುಟಮೇಟಿನದೆಂದು ತೋರಿಸಿ ಉಮಾಮಿ ಎಂದು ಹೆಸರಿಟ್ಟ. ಇವತ್ತು ಲಂಡನ್ನಿನ ಅಡುಗೆಯವನೂ ಉಮಾಮಿ ಎನ್ನುತ್ತಾನೆ. ಒಗರಿಗೆ ಹಾಗೆ ದೋಣಿ ಹತ್ತಿಸುವವರು ಯಾರೂ ಸಿಗಲಿಲ್ಲ ಎಂಬುದು ನನ್ನ ಕೊರಗು.

ಅದಕ್ಕಿಂತ ದೊಡ್ಡ ಕೊರಗು ಮನೆಯೊಳಗೇ ಇದೆ. ರಜೆಗೆ ಬರುವ ನಮ್ಮ ಮೊಮ್ಮಕ್ಕಳಿಗೆ ಇರುವುದು ಎರಡು ಶಬ್ದ, ಟೇಸ್ಟಿ ಮತ್ತು ಸ್ಪೈಸಿ. ಕಳೆದ ವರ್ಷ ಚಿಕ್ಕವನು ಗೇರುಹಣ್ಣು ಕಚ್ಚಿ, ಮುಖ ಕಿವುಚಿ, "ಇದು ಹಾಳಾಗಿದೆ" ಎಂದು ಎಸೆದ. ಹಾಳಾಗಿರಲಿಲ್ಲ. ಅವನ ನಾಲಿಗೆಗೆ ಆದದ್ದಕ್ಕೆ ಅವನ ಹತ್ತಿರ ಹೆಸರಿರಲಿಲ್ಲ, ಅದಕ್ಕೇ ಹೆದರಿದ. ನಾನು ಪಕ್ಕದಲ್ಲಿ ಕೂತು "ಅದು ಒಗರು ಮಾರಾಯ, ಉಪ್ಪು ಹಚ್ಚಿ ನೋಡು" ಎಂದೆ. ಇನ್ನೊಂದು ಹಣ್ಣು ತಂದು ಉಪ್ಪು ಹಚ್ಚಿಕೊಟ್ಟೆ. ಪೂರ್ತಿ ತಿಂದ. ಸಂಜೆ ಅವನ ಅಮ್ಮನಿಗೆ ಫೋನಿನಲ್ಲಿ ಒಗರು ಎಂದರೆ ಹೇಗಿರುತ್ತದೆ ಎಂದು ವಿವರಿಸುತ್ತಿದ್ದ.

ಏಪ್ರಿಲ್ ನಡುವೆ ಅಮೆರಿಕದ ಮಿಸೌರಿ ಕಡೆಯ ಒಬ್ಬ ಹಿರಿಯ ಹೆಂಗಸು ಬಂದು 4 ದಿನ ಉಳಿದರು. ಎರಡನೇ ದಿನ ಬೆಟ್ಟಕ್ಕೆ ಹೋದಾಗ ಗೇರುಹಣ್ಣು ಕೊಟ್ಟೆವು. ಅಣ್ಣನ ಮಗಳು ಕಾಗದ ಪೆನ್ನು ಹಿಡಿದೇ ನಿಂತಿದ್ದಳು. ಆಕೆ ಕಚ್ಚಿದರು, ರಸ ಒರೆಸಿಕೊಂಡರು, ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ತುಟಿಗಳನ್ನು ಒಳಗೆಳೆದುಕೊಂಡು ಒಂದೇ ಶಬ್ದ ಹೇಳಿದರು: "ಪಕರಿ."

ನಾನು ಇನ್ನೊಮ್ಮೆ ಹೇಳಿಸಿದೆ. ಅವರ ಊರಿನ ಕಾಡಿನಲ್ಲಿ ಪರ್ಸಿಮನ್ ಮರಗಳಿವೆಯಂತೆ. ಪೂರ್ತಿ ಹಣ್ಣಾಗುವ ಮೊದಲು ಬಾಯಿಗೆ ಹಾಕಿದರೆ ಮುಗಿಯಿತು. ಅಂಥ ಕಾಯಿಗೆ ಅವರ ಅಜ್ಜಿ ಪಕರಿ ಎನ್ನುತ್ತಿದ್ದರಂತೆ. ತಾನೇ ಆ ಶಬ್ದ ಹೇಳಿ 40 ವರ್ಷವಾಗಿರಬೇಕು, ಅದು ಎಲ್ಲಿತ್ತೋ ಬಂತು ಎಂದು ಆಕೆ ಹಣ್ಣಿನ ಉಳಿದರ್ಧವನ್ನು ನೋಡುತ್ತಾ ನಿಂತರು. ನನಗೆ ಆ ಶಬ್ದ ಗೊತ್ತಿರಲಿಲ್ಲವೆಂದಲ್ಲ. ಬಟ್ಟೆ ನೆರಿಗೆಗಟ್ಟುವುದು, ತುಟಿ ಮುದುಡುವುದು ಎಂಬ ಅರ್ಥದ ಪಕರ್ ಗೊತ್ತಿತ್ತು. ಅದು ಹಣ್ಣಿನ ರುಚಿಯಾಗಿ ಒಂದು ಅಜ್ಜಿಯ ಬಾಯಲ್ಲಿ ಬದುಕಿತ್ತು ಎಂಬುದು ನನ್ನ ಡಿಕ್ಷನರಿಯ ಓದಿಗೆ ಹೊಳೆದಿರಲಿಲ್ಲ. ಮನೆಗೆ ಬಂದು ಮೂಲ ನೋಡಿದೆ. ಪೋಕ್ ಎಂದರೆ ಹಳೆಯ ಇಂಗ್ಲಿಷಿನಲ್ಲಿ ಚೀಲ. ದಾರ ಎಳೆದಾಗ ಚೀಲದ ಬಾಯಿ ನೆರಿಗೆಗಟ್ಟುತ್ತದಲ್ಲ, ಅದರಿಂದಲೇ ಪಕರ್ ಹುಟ್ಟಿರಬೇಕು ಎನ್ನುತ್ತಾರೆ ಬಲ್ಲವರು.

ಊಟವಾದ ಮೇಲೆ ಜಗಲಿಯಲ್ಲಿ ಅಣ್ಣ ಕವಳದ ಸಂಚಿ ತೆಗೆದ. ಕೆಂಪು ಬಟ್ಟೆಯದು, ಎರಡೂ ಕಡೆ ದಾರ. ನಾನು ಅದನ್ನು ಅವನ ಕೈಯಿಂದ ಇಸಿದುಕೊಂಡು, ಆಕೆಯ ಎದುರು ದಾರ ಎಳೆದೆ. ಸಂಚಿಯ ಬಾಯಿ ಮುದುಡಿ ಸಣ್ಣ ಗಂಟಾಯಿತು. ಬಿಟ್ಟೆ, ಅಗಲವಾಯಿತು. ಮತ್ತೆ ಎಳೆದೆ. ಆಕೆ ತಮ್ಮ ತುಟಿ ಮುಟ್ಟಿಕೊಂಡು ನಕ್ಕರು. ಒಳಗಿದ್ದ ಅಡಿಕೆಯ ಒಂದು ಹೋಳನ್ನು ಅಣ್ಣ ಅವರಿಗೆ ಕೊಟ್ಟ. ಅವರು ಅಗಿದು, ಯಾರೂ ಕೇಳದೆಯೇ "ಒಗರು" ಎಂದರು. ರಕಾರ ಸ್ವಲ್ಪ ಹೊರಳಿತು, ಅಷ್ಟೇ.

ಅಣ್ಣನ ಮಗಳು ಬಾಳೆಕುಂಡಿಗೆ ಪಲ್ಯದ ಸಾಲು ಹೊಡೆದುಹಾಕಿ ಹೊಸದಾಗಿ ಬರೆದಳು. ಮೊದಲು ಒಗರು, ಪಕ್ಕದಲ್ಲಿ ಪಕರಿ, ಕೆಳಗೆ ಸಂಚಿಯ ಸಣ್ಣ ಚಿತ್ರ. ಅಷ್ಟರಲ್ಲಿ ಅತ್ತಿಗೆ ಉಪ್ಪಿನಕಾಯಿಗೆಂದು ಒಣಮೆಣಸು ಹುರಿಯತೊಡಗಿದ್ದಳು. ಹೊಗೆ ಜಗಲಿಗೆ ಬಂತು, ಅಣ್ಣ ಕೆಮ್ಮಿದ, ಆಕೆಗೆ ಸೀನು ನಿಲ್ಲಲಿಲ್ಲ. ಕಣ್ಣು ಒರೆಸಿಕೊಂಡು ಇದಕ್ಕೆ ನಿಮ್ಮಲ್ಲಿ ಏನೆನ್ನುತ್ತೀರಿ ಎಂದು ಕೇಳಿದರು. ಘಾಟು ಎಂದೆ. ನಿಮ್ಮಲ್ಲಿ ಏನೆನ್ನುತ್ತಾರೆ ಎಂದು ನಾನೂ ಕೇಳಿದೆ. ಆಕೆ ಯೋಚಿಸುತ್ತಾ ಕೂತರು. ಅಣ್ಣನ ಮಗಳು ಕಾರ್ಡಿನ ಕೆಳಗೆ ಒಂದು ಸಾಲಿನ ಜಾಗ ಬಿಟ್ಟಳು.